ಕವಿಯ ಬದುಕು ಮತ್ತು ಆಕರದ ಪ್ರಶ್ನೆ: ಗಿರೀಶ ಕಾರ್ನಾಡರ ಎರಡು ಸಾಕ್ಷ್ಯಚಿತ್ರಗಳು

ಗಿರೀಶ ಕಾರ್ನಾಡರನ್ನು (1938-2019) ಕುರಿತ ಕನ್ನಡ ವಿಮರ್ಶೆಯು ಮುಖ್ಯವಾಗಿ ಅವರ ನಾಟಕಗಳನ್ನೂ ಅನಂತರ ಕಥಾಚಿತ್ರಗಳನ್ನೂ ಗಮನಿಸಿದೆ. ಸಾಕ್ಷ್ಯಚಿತ್ರಗಳು ಬಹುಮಟ್ಟಿಗೆ ಕೃತಿಸೂಚಿಯ ಹೆಸರುಗಳಾಗಿಯೇ ಉಳಿದಿವೆ. 'ದ.ರಾ. ಬೇಂದ್ರೆ' (1972) ಮತ್ತು 'ಕನಕ ಪುರಂದರ' (1988) ಎರಡೂ ಹಾಡಿಗೆ ಹತ್ತಿರವಾದ ಕವಿಗಳನ್ನು ಕುರಿತವು. ಆದರೆ ಅವುಗಳ ಮುಂದಿದ್ದ ಆಕರದ ಸಮಸ್ಯೆ ಬೇರೆ ಬೇರೆ. ಈ ಭೇದವನ್ನು ಗುರುತಿಸುವುದು ಪ್ರಸ್ತುತ ಲೇಖನದ ಉದ್ದೇಶ.

1972ರಲ್ಲಿ ಬೇಂದ್ರೆಯವರು (1896-1981) ಎಪ್ಪತ್ತೈದು ದಾಟಿದ್ದರು. ಕಾರ್ನಾಡರಿಗೆ ಧಾರವಾಡ ಹೊರಗಿನ ಊರಲ್ಲ. ಅವರು ಓದಿದ್ದು ಅಲ್ಲಿ, 'ಯಯಾತಿ' 1961ರಲ್ಲಿ ಪ್ರಕಟವಾದದ್ದು ಅಲ್ಲಿಯ ಮನೋಹರ ಗ್ರಂಥಮಾಲೆಯಿಂದ. ಬೇಂದ್ರೆಯವರ ಕಾವ್ಯದಲ್ಲಿ ಆಡುನುಡಿಯ ಏರಿಳಿತ, ಲಾವಣಿಯ ಲಯ, ನಾದ ಇವೇ ಅರ್ಥದ ನೆಲೆಗಳು. ಅಚ್ಚಿನ ಪುಟ ಇವನ್ನು ಭಾಗಶಃ ಮಾತ್ರ ಹಿಡಿದಿಡಬಲ್ಲದು. ಆದುದರಿಂದ ಬದುಕಿರುವ ಇಂತಹ ಕವಿಯನ್ನು ಚಿತ್ರಿಸುವಾಗ ಜೀವನಘಟನೆಗಳ ಕ್ರಮಕ್ಕಿಂತ ಕವಿಯ ದನಿ, ನಿಲುಗಡೆ, ಮುಖಭಾವಗಳೇ ಪ್ರಥಮ ದರ್ಜೆಯ ಆಕರಗಳಾಗುತ್ತವೆ.

ಕನಕ, ಪುರಂದರರ ವಿಷಯದಲ್ಲಿ ಈ ಅನುಕೂಲವಿಲ್ಲ. ಹದಿನಾರನೆಯ ಶತಮಾನದ ಈ ದಾಸರ ದನಿ ನಮಗೆ ಉಳಿದಿಲ್ಲ. ಉಳಿದಿರುವುದು ಅಂಕಿತಗಳುಳ್ಳ ಕೀರ್ತನೆಗಳು, ಕನಕರ ಕಾವ್ಯಗಳು ಮತ್ತು ಐತಿಹ್ಯಗಳು. ಕೀರ್ತನೆಗಳು ಹಾಡುವವರ ನೆನಪಿನಲ್ಲಿ ಸಾಗಿಬಂದುದರಿಂದ ಪಾಠವೂ ಮಟ್ಟೂ ಬದಲಾಗಿವೆ. ಕ್ಯಾಮೆರಾಕ್ಕೆ ದೊರೆಯಬಲ್ಲವನು ದಾಸನಲ್ಲ, ದಾಸನನ್ನು ಇಂದು ಹಾಡುವವನು. ಉಡುಪಿಯ ಕನಕನ ಕಿಂಡಿಯ ಕಥೆ, ಶ್ರೀನಿವಾಸ ನಾಯಕನ ಮೂಗುತಿಯ ಕಥೆ ಇವು ಚರಿತ್ರೆಯ ದಾಖಲೆಗಳಲ್ಲ. ಹಾಗೆಂದು ತಿರಸ್ಕಾರಯೋಗ್ಯವೂ ಅಲ್ಲ. ಮೊದಲನೆಯದು ಪ್ರವೇಶ ನಿರಾಕರಣೆಯ ನೆನಪನ್ನು, ಎರಡನೆಯದು ವ್ಯಾಪಾರಿಯ ಸಂಪತ್ತನ್ನು ಕುರಿತ ಭಕ್ತಿಪಂಥದ ನಿಲುವನ್ನು ಕಾಪಾಡಿಕೊಂಡಿದೆ. ಇಲ್ಲಿ ಪರಂಪರೆಯೇ ಸಾಕ್ಷ್ಯ. ಕಥೇತರ ಚಿತ್ರ ವಿಭಾಗದಲ್ಲಿ ರಾಷ್ಟ್ರಪ್ರಶಸ್ತಿ ಪಡೆದ ಈ ಚಿತ್ರದ ವಸ್ತುವಿನ ಸವಾಲು ಇಂತಹದು.

ಸಾಕ್ಷ್ಯಚಿತ್ರವೆಂದರೆ ಕಂಡದ್ದರ ದಾಖಲೆ ಎಂಬ ಸಾಮಾನ್ಯ ಗ್ರಹಿಕೆ ಎರಡನೆಯ ಸಂದರ್ಭದಲ್ಲಿ ಸಾಲದಾಗುತ್ತದೆ. ಮೊದಲ ಸಂದರ್ಭದಲ್ಲಿಯೂ ಅದು ಪೂರ್ಣವಲ್ಲ. ಬದುಕಿರುವ ಕವಿಯೂ ಕ್ಯಾಮೆರಾದ ಮುಂದೆ ತನ್ನನ್ನು ತಾನು ರೂಪಿಸಿಕೊಳ್ಳುತ್ತಾನೆ. ನಮ್ಮ ಗ್ರಂಥಸಂಪಾದನೆ ಹಸ್ತಪ್ರತಿಗಳ ಪಾಠಾಂತರಗಳನ್ನು ಶ್ರದ್ಧೆಯಿಂದ ಗುರುತಿಸಿದೆ. ಕವಿಯ ವಾಚನವನ್ನೂ ಗಾಯಕರ ಪಾಠಗಳನ್ನೂ ಅದೇ ಶಿಸ್ತಿನಿಂದ ಮುದ್ರಿತ ಪಾಠದೊಡನೆ ಹೋಲಿಸಿದಲ್ಲಿ, ಸಾಕ್ಷ್ಯಚಿತ್ರಗಳು ಕನ್ನಡ ಅಧ್ಯಯನಕ್ಕೆ ಅಲಂಕಾರವಾಗದೆ ಆಕರವಾಗುತ್ತವೆ. ಪ್ರತಿಗಳು ಹಾಳಾಗುವ ಮುನ್ನ ಆಗಬೇಕಾದ ಕೆಲಸವಿದು.