ನೀರೋನ ಅತಿಥಿಗಳು ಮತ್ತು ತಾಳಮಲೆಯ ಅರಿಶಿನ

2000ದ ಜುಲೈ 30ರ ರಾತ್ರಿ ತಾಳವಾಡಿ ಸೀಮೆಯ ದೊಡ್ಡ ಗಾಜನೂರಿನಿಂದ ಡಾ. ರಾಜ್‌ಕುಮಾರ್ ಅವರನ್ನು ವೀರಪ್ಪನ್ ಅಪಹರಿಸಿದ. ಅವರು ಬಿಡುಗಡೆಯಾಗುವವರೆಗಿನ 108 ದಿನ ಎರಡು ರಾಜ್ಯಗಳ ಮಾಧ್ಯಮದವರ ಕಣ್ಣು ಈ ಬೆಟ್ಟದ ಮೇಲೇ ಇತ್ತು. ಕನ್ನಡ ಮಾತಾಡುವ, ಆದರೆ ತಮಿಳುನಾಡಿನ ಈರೋಡ್ ಜಿಲ್ಲೆಗೆ ಸೇರಿದ ತಾಳಮಲೆಯ ರೈತರ ಬಗ್ಗೆ ಅದಕ್ಕೆ ಮೊದಲು, ಆಮೇಲೆ ನಾವು ಎಷ್ಟು ಓದಿದ್ದೇವೆ?

ಪತ್ರಕರ್ತ ಪಿ. ಸಾಯಿನಾಥ್ ಇಂಥದ್ದೇ ಪ್ರಶ್ನೆಯನ್ನು ‘ನೀರೋಸ್ ಗೆಸ್ಟ್ಸ್’ ಎಂಬ ಸಾಕ್ಷ್ಯಚಿತ್ರದಲ್ಲಿ ಕೇಳುತ್ತಾರೆ. ದೀಪಾ ಭಾಟಿಯಾ ನಿರ್ದೇಶನದ ಈ ಚಿತ್ರ ಬಂದದ್ದು 2009ರಲ್ಲಿ. ಅವರು ಆರ್ಥಿಕತೆ ವಿವರಿಸುವ ರೀತಿ ಸರಳ: ಎರಡು ಜಾಗದ ಲೆಕ್ಕ ತಂದು ಅಕ್ಕಪಕ್ಕ ಇಡ್ತಾರೆ. ಮುಂಬೈಯ ಫ್ಯಾಷನ್ ವೀಕ್‌ನಲ್ಲಿ ಹತ್ತಿ ಬಟ್ಟೆಯ ಪ್ರದರ್ಶನ, ವರದಿಗೆ 512 ಪತ್ರಕರ್ತರು. ವಿಮಾನದಲ್ಲಿ ಒಂದು ಗಂಟೆ ದೂರದ ವಿದರ್ಭದಲ್ಲಿ ಅದೇ ಹತ್ತಿ ಬೆಳೆದವರ ಆತ್ಮಹತ್ಯೆ. ಅಲ್ಲಿಗೆ ಹೊರಗಿನಿಂದ ಬಂದವರು ಬೆರಳೆಣಿಕೆಯಷ್ಟು. ಸರಕಾರದ ಅಪರಾಧ ದಾಖಲೆಗಳ ಪ್ರಕಾರವೇ 1997ರಿಂದ 2005ರವರೆಗೆ ದೇಶದಲ್ಲಿ ಸುಮಾರು ಒಂದೂವರೆ ಲಕ್ಷ ರೈತರು ಆತ್ಮಹತ್ಯೆ ಮಾಡಿಕೊಂಡಿದ್ದರು. ಇದು ವಿಧಿಯಲ್ಲ, ಸಾಲ, ಬೆಲೆ, ಆಮದು ನೀತಿಗಳ ಫಲ ಅನ್ನೋದು ಅವರ ವಾದ.

ಚಿತ್ರದ ಹೆಸರಿನ ಹಿಂದೆ ಒಂದು ಭಯಂಕರ ಕಥೆಯಿದೆ. ಕ್ರಿ.ಶ. 64ರಲ್ಲಿ ರೋಮ್ ಸುಟ್ಟ ಮೇಲೆ ಚಕ್ರವರ್ತಿ ನೀರೋ ತನ್ನ ತೋಟದಲ್ಲಿ ಜನರನ್ನು ರಂಜಿಸಲು ಕೂಟ ನಡೆಸಿದ, ಬೆಳಕಿಗಾಗಿ ಮನುಷ್ಯರನ್ನೇ ಸುಟ್ಟ ಎಂದು ಇತಿಹಾಸಕಾರ ಟ್ಯಾಸಿಟಸ್ ಬರೆದಿದ್ದಾನೆ. ಸಾಯಿನಾಥರಿಗೆ ನೀರೋ ದೊಡ್ಡ ಪ್ರಶ್ನೆಯಲ್ಲ. ಆ ಬೆಳಕಿನಲ್ಲಿ ಆರಾಮಾಗಿ ಕೂತ ಅತಿಥಿಗಳು ಯಾರು? (ಚಿತ್ರದಲ್ಲಿ ಸಾಯಿನಾಥರ ಮಾತೇ ಸ್ವಲ್ಪ ಜಾಸ್ತಿಯಾಯ್ತು, ಗಂಡನನ್ನು ಕಳೆದುಕೊಂಡ ಹೆಂಗಸರ ಮಾತು ಇನ್ನಷ್ಟು ಬೇಕಿತ್ತು.)

ಇದೇ ಕಣ್ಣಿನಿಂದ ತಾಳಮಲೆಯ ಅರಿಶಿನವನ್ನೂ ನೋಡಬಹುದು. ಈರೋಡ್ ಅರಿಶಿನಕ್ಕೆ 2019ರಲ್ಲಿ ಭೌಗೋಳಿಕ ಮಾನ್ಯತೆ ಸಿಕ್ಕಿತು. ಆದರೆ ಮಾನ್ಯತೆಯಿಂದ ಬೆಲೆ ನಿಗದಿಯಾಗೋದಿಲ್ಲ. ಬೆಳೆ ಕೈಗೆ ಬರಲು ಎಂಟೊಂಬತ್ತು ತಿಂಗಳು ಬೇಕು. ಆಮೇಲೆ ಬೇಯಿಸಿ, ಒಣಗಿಸಿ, ಹೊಳಪು ಕೊಟ್ಟು, ದಿಂಬಂ ಘಾಟಿಯ 27 ತಿರುವು ಇಳಿಸಿ ಈರೋಡ್ ಮಾರುಕಟ್ಟೆಗೆ ಸಾಗಿಸಬೇಕು. ದಾಸ್ತಾನು ಇಡುವ ಶಕ್ತಿ ಇದ್ದವನು ಬೆಲೆ ಏರುವವರೆಗೆ ಕಾಯ್ತಾನೆ, ಸಾಲ ತಲೆಮೇಲಿರುವವನು ಕೊಯ್ಲಿನ ಹೊತ್ತಲ್ಲೇ ಸಿಕ್ಕಿದ ರೇಟಿಗೆ ಕೊಟ್ಟು ಬರ್ತಾನೆ. ಅಡಿಕೆ ವ್ಯವಹಾರ ಕಂಡ ನಮ್ಮ ಕರಾವಳಿಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ತಾಳಮಲೆಯಲ್ಲಿ ಇದರ ಮೇಲೆ ಆನೆ, ಕಾಡುಹಂದಿಗಳ ಕಾಟ ಬೇರೆ.

2014ರ ಡಿಸೆಂಬರ್‌ನಲ್ಲಿ ಸಾಯಿನಾಥ್ ಆರಂಭಿಸಿದ ‘ಪರಿ’ ಜಾಲತಾಣ ಸತ್ಯಮಂಗಲ, ತಾಳವಾಡಿ ಕಡೆಯ ಅರಿಶಿನ ಬೆಳೆಗಾರರ ಕಥೆಗಳನ್ನು ಅವರ ಹೆಸರು, ಖರ್ಚಿನ ಲೆಕ್ಕದ ಸಮೇತ ದಾಖಲಿಸಿದೆ. ‘ಪರಿ’ ಕನ್ನಡದಲ್ಲೂ ಓದಲು ಸಿಗುತ್ತದೆ.