ಮಗುವಿಗೆ ಗೆಣಸು ಮತ್ತು ಹಣ್ಣಿನ ಉಣಿಸು



ಆರು ತಿಂಗಳು ತುಂಬುವವರೆಗೆ ಮಗುವಿಗೆ ತಾಯಿಯ ಹಾಲೊಂದೇ ಪೂರ್ಣಾಹಾರ. ಅನಂತರ ಬೆಳೆಯುವ ಶರೀರಕ್ಕೆ ಅದೊಂದೇ ಸಾಲದು. ಎದೆಹಾಲಿನೊಂದಿಗೆ ಮೆತ್ತನೆಯ ಆಹಾರವನ್ನು ಆರಂಭಿಸುವುದು ಅತ್ಯವಶ್ಯಕ. ಅನೇಕ ಮನೆಗಳಲ್ಲಿ ಈ ಸಮಯದಲ್ಲಿ ತಿಳಿಗಂಜಿಯನ್ನು ಮಾತ್ರ ಕುಡಿಸುತ್ತಾರೆ. ಮಗುವಿನ ಹೊಟ್ಟೆ ಚಿಕ್ಕದು. ಅದು ನೀರಿನಿಂದಲೇ ತುಂಬಿದರೆ ಶಕ್ತಿ ಬರುವುದೆಲ್ಲಿಂದ? ಹಸಿವು ಅಡಗಿದಂತೆ ಕಂಡರೂ ತೂಕ ಏರುವುದಿಲ್ಲ.

ನಿಮ್ಮ ಹೊಲದಲ್ಲಿಯೋ ಸಂತೆಯಲ್ಲಿಯೋ ದೊರೆಯುವ ಸಿಹಿಗೆಣಸು ಇದಕ್ಕೆ ಉತ್ತಮ ಪದಾರ್ಥ.

ಮಾಡುವ ಕ್ರಮ: ಕೈಗಳನ್ನು ಸೋಪಿನಿಂದ ತೊಳೆದುಕೊಳ್ಳಿರಿ. ಸಣ್ಣ ಗೆಣಸೊಂದನ್ನು ಮಣ್ಣು ಹೋಗುವಂತೆ ತೊಳೆದು ಸಿಪ್ಪೆಸಹಿತ ಬೇಯಿಸಿರಿ. ಹೀಗೆ ಮಾಡಿದರೆ ಸತ್ವವು ನೀರಿನಲ್ಲಿ ಹೆಚ್ಚು ನಷ್ಟವಾಗದು. ಸಿಪ್ಪೆ ಸುಲಿದು, ನಾರು ತೆಗೆದು, ನುಣ್ಣಗೆ ಹಿಸುಕಿರಿ. ಚೆನ್ನಾಗಿ ಮಾಗಿದ ಅರ್ಧ ಬಾಳೆಹಣ್ಣನ್ನೂ ಅರ್ಧ ಚಮಚ ತುಪ್ಪವನ್ನೂ ಬೆರೆಸಿರಿ. ಬಾಳೆಹಣ್ಣಿಗೆ ಬದಲಾಗಿ ಮಾಗಿದ ಪರಂಗಿಹಣ್ಣೂ ಆಗಬಹುದು. ಚಮಚವನ್ನು ಓರೆ ಮಾಡಿದರೆ ಜಾರಿ ಬೀಳದಷ್ಟು ಗಟ್ಟಿಯಾಗಿರಲಿ.

ಸಕ್ಕರೆ, ಬೆಲ್ಲ ಬೇಡ. ಬೇಯುವಾಗ ಗೆಣಸಿನ ಪಿಷ್ಟದ ಒಂದು ಭಾಗ ತಾನೇ ಸಕ್ಕರೆಯಾಗುತ್ತದೆ. ಉಳಿದ ಸಿಹಿಯನ್ನು ಹಣ್ಣು ಕೊಡುತ್ತದೆ. ಒಂದು ವರ್ಷ ತುಂಬದ ಮಗುವಿಗೆ ಜೇನುತುಪ್ಪವನ್ನು ನೆಕ್ಕಿಸಲೇಬಾರದು. ಅದರಲ್ಲಿರಬಹುದಾದ ಒಂದು ಬಗೆಯ ರೋಗಾಣು ಶಿಶುವಿನ ಪ್ರಾಣಕ್ಕೇ ಅಪಾಯ ತರಬಲ್ಲದು.

ಒಳಗೆ ಕಿತ್ತಳೆ ಬಣ್ಣವಿರುವ ಗೆಣಸು ಸಿಕ್ಕಿದರೆ ಅದನ್ನೇ ಆರಿಸಿರಿ. ಇರುಳುಗುರುಡನ್ನು ತಡೆಯುವ ಎ ಜೀವಸತ್ವವು ಅದರಿಂದ ದೊರೆಯುತ್ತದೆ. ಬಿಳಿಯ ಗೆಣಸಿನಲ್ಲಿ ಅದು ಅತ್ಯಲ್ಪ. ತುಪ್ಪದ ಜಿಡ್ಡು ಈ ಸತ್ವವನ್ನು ಶರೀರ ಹೀರಿಕೊಳ್ಳಲು ನೆರವಾಗುತ್ತದೆ.

ಮೊದಲು ಎರಡು ಮೂರು ಚಮಚ ಕೊಟ್ಟು, ಕ್ರಮೇಣ ಅರ್ಧ ಬಟ್ಟಲಿಗೆ ಹೆಚ್ಚಿಸಿರಿ. ಪ್ರತಿ ಸಲವೂ ಹೊಸದಾಗಿ ಮಾಡಿ. ಮಗು ಉಂಡು ಬಿಟ್ಟುದನ್ನು ಮತ್ತೆ ಉಣಿಸಬೇಡಿರಿ. ಹೆಚ್ಚಾಗಿ ಬೇಯಿಸಿದ ಗೆಣಸನ್ನು ಉಪ್ಪು, ಜೀರಿಗೆಯ ಒಗ್ಗರಣೆಯೊಡನೆ ಹಿರಿಯರು ರೊಟ್ಟಿಗೆ ನೆಂಚಿಕೊಳ್ಳಬಹುದು.

ಆದರೆ ಗೆಣಸೊಂದರಿಂದಲೇ ಮಗು ಬೆಳೆಯದು. ಅದರಲ್ಲಿ ಸಸಾರಜನಕವೂ ಕಬ್ಬಿಣದ ಅಂಶವೂ ಕಡಿಮೆ. ಆದುದರಿಂದ ಉಳಿದ ಹೊತ್ತಿನಲ್ಲಿ ರಾಗಿಸರಿ, ತೊವ್ವೆ, ಬೇಯಿಸಿದ ಸೊಪ್ಪು, ಮೊಟ್ಟೆಗಳನ್ನು ಸರದಿಯಂತೆ ಕೊಡಿರಿ. ಎರಡು ವರ್ಷವಾದರೂ ಎದೆಹಾಲನ್ನು ಮುಂದುವರಿಸಿರಿ.

ಉಣಿಸುವ ಹೊಣೆ ತಾಯಿಯೊಬ್ಬಳದೇ ಅಲ್ಲ. ತಂದೆಯಾದವರು ಸಂತೆಯಿಂದ ಗೆಣಸು, ಹಣ್ಣು ತರಲಿ; ಬಿಡುವಾದಾಗ ತಾವೇ ಮಗುವಿಗೆ ಉಣಿಸಲಿ. ತಿಂಗಳಿಗೊಮ್ಮೆ ಅಂಗನವಾಡಿಯಲ್ಲಿ ತೂಕ ಮಾಡಿಸಿರಿ. ತೂಕ ಏರದಿದ್ದರೆ ತಡಮಾಡದೆ ಸಮೀಪದ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಮಗುವನ್ನು ಕರೆತನ್ನಿರಿ.