ಯುದ್ಧೋತ್ತರ ಬ್ರಿಟನ್ನಿನ ಪಟ್ಟಣಗಳಲ್ಲಿ ಬಾಲ್ಯ

ಯುದ್ಧೋತ್ತರ ಬ್ರಿಟನ್ನಿನ ಪಟ್ಟಣಗಳಲ್ಲಿನ ಬಾಲ್ಯವು ಬ್ರಿಟನ್ನಿನ ಸಾಮಾಜಿಕ ಇತಿಹಾಸದಲ್ಲಿ ವಿಶೇಷವಾಗಿ ಅಧ್ಯಯನಕ್ಕೆ ಒಳಗಾಗಿರುವ ವಿಷಯಗಳಲ್ಲಿ ಒಂದು. ಎರಡನೆಯ ಮಹಾಯುದ್ಧ ಮುಗಿದ 1945ರಿಂದ 1960ರ ದಶಕದ ಆರಂಭದವರೆಗೆ ಇಂಗ್ಲೆಂಡ್, ಸ್ಕಾಟ್ಲೆಂಡ್ ಮತ್ತು ವೇಲ್ಸ್‌ನ ನಗರ, ಪಟ್ಟಣಗಳಲ್ಲಿ ಬೆಳೆದ ಮಕ್ಕಳ ದಿನಚರಿ, ಆಹಾರ, ಆಟ, ಶಾಲೆ ಇವೆಲ್ಲ ಇದರ ವ್ಯಾಪ್ತಿಗೆ ಬರುತ್ತವೆ. ಆ ಮಕ್ಕಳು ಮುಂದೆ ವಯಸ್ಸಾದ ಮೇಲೆ ಬರೆದ ಆತ್ಮಕಥೆಗಳೂ ನೆನಪಿನ ಬರಹಗಳೂ ಹೇರಳವಾಗಿವೆ. ಇಂತಹ ಬರಹಗಳಲ್ಲಿ ಬಡತನದ ವಿವರಗಳೂ ಸುಖದ ವಿವರಗಳೂ ಒಂದೇ ಪುಟದಲ್ಲಿ ಕಾಣಸಿಗುತ್ತವೆ. ಆದ್ದರಿಂದ ಇವುಗಳನ್ನು ಇತಿಹಾಸದ ಆಕರಗಳಾಗಿ ಬಳಸುವಾಗ ಎಚ್ಚರ ಬೇಕಾಗುತ್ತದೆ.

ಹಿನ್ನೆಲೆ

ಜರ್ಮನಿಯ ವಾಯುದಾಳಿಗಳಿಂದ ಲಂಡನ್, ಕೊವೆಂಟ್ರಿ, ಪ್ಲಿಮತ್, ಹಲ್, ಲಿವರ್‌ಪೂಲ್ ಮೊದಲಾದ ನಗರಗಳ ದೊಡ್ಡ ಭಾಗಗಳು ನಾಶವಾಗಿದ್ದವು. ಯುದ್ಧದ ಆರಂಭದಲ್ಲಿ ಸುರಕ್ಷತೆಗಾಗಿ ಹಳ್ಳಿಗಳಿಗೆ ಕಳುಹಿಸಲ್ಪಟ್ಟಿದ್ದ ಲಕ್ಷಾಂತರ ಮಕ್ಕಳು ಮರಳಿ ಊರಿಗೆ ಬಂದಾಗ ಕೆಲವರಿಗೆ ತಮ್ಮ ಬೀದಿಯೇ ಇರಲಿಲ್ಲ. ಸೈನ್ಯದಿಂದ ಹಿಂದಿರುಗಿದ ತಂದೆಯನ್ನು ಮೊದಲ ಬಾರಿಗೆ ನೋಡಿದ ಮಕ್ಕಳೂ ಇದ್ದರು. ತಾಯಿಯೊಡನೆ ಮಾತ್ರ ಬೆಳೆದಿದ್ದ ಐದಾರು ವರ್ಷದ ಮಗುವಿಗೆ ಆತ ಮನೆಗೆ ಬಂದ ಅಪರಿಚಿತನಾಗಿದ್ದನು. ಎಲ್ಲ ಕುಟುಂಬಗಳೂ ಈ ಪುನರ್ಮಿಲನವನ್ನು ತಾಳಿಕೊಳ್ಳಲಿಲ್ಲ. 1947ರಲ್ಲಿ ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ಸುಮಾರು 60,000 ವಿಚ್ಛೇದನಗಳು ನಡೆದವು. ಅಲ್ಲಿಯವರೆಗಿನ ದಾಖಲೆಯಲ್ಲಿ ಅದು ಅತ್ಯಂತ ದೊಡ್ಡ ಸಂಖ್ಯೆ.

ಪಡಿತರದ ದಿನಗಳು

ಈ ಪೀಳಿಗೆಯ ನೆನಪಿನ ಬರಹಗಳಲ್ಲಿ ಅತಿ ಹೆಚ್ಚು ಸ್ಥಳ ಪಡೆದಿರುವುದು ಆಹಾರ. ಬ್ರಿಟನ್ನಿನಲ್ಲಿ ಆಹಾರದ ಪಡಿತರ ವ್ಯವಸ್ಥೆಯು 1940ರ ಜನವರಿಯಲ್ಲಿ ಜಾರಿಗೆ ಬಂದು 1954ರ ಜುಲೈವರೆಗೆ ಮುಂದುವರಿಯಿತು. ಎಂದರೆ ಯುದ್ಧ ಮುಗಿದ ಮೇಲೂ ಒಂಬತ್ತು ವರ್ಷ ಜನರು ರೇಷನ್ ಪುಸ್ತಕವನ್ನು ಹಿಡಿದು ಅಂಗಡಿಯ ಮುಂದೆ ಸಾಲುಗಟ್ಟಬೇಕಾಯಿತು. ಯುದ್ಧಕಾಲದಲ್ಲಿ ಮುಕ್ತವಾಗಿ ಸಿಗುತ್ತಿದ್ದ ಬ್ರೆಡ್ಡನ್ನು ಶಾಂತಿಕಾಲದಲ್ಲಿ, 1946ರ ಜುಲೈಯಿಂದ 1948ರ ಜುಲೈವರೆಗೆ, ಪಡಿತರಕ್ಕೆ ಒಳಪಡಿಸಲಾಯಿತು. ಗೆದ್ದ ದೇಶದ ಜನರಿಗೆ ಇದು ಅರ್ಥವಾಗದ ಸಂಗತಿಯಾಗಿತ್ತು. ಆದರೆ ದೇಶದ ಖಜಾನೆ ಬರಿದಾಗಿದ್ದುದು, ಡಾಲರಿನ ಕೊರತೆ, ಜಗತ್ತಿನಾದ್ಯಂತ ಗೋಧಿಯ ಅಭಾವ, ಜರ್ಮನಿಯ ಬ್ರಿಟಿಷ್ ವಲಯದ ಜನರಿಗೂ ಆಹಾರ ಒದಗಿಸಬೇಕಾದ ಹೊಣೆ ಇವೆಲ್ಲ ಸೇರಿ ಸರ್ಕಾರಕ್ಕೆ ಬೇರೆ ದಾರಿ ಉಳಿದಿರಲಿಲ್ಲ.

ಮಕ್ಕಳಿಗೆ ಬ್ರೆಡ್ಡಿಗಿಂತ ಮಿಠಾಯಿಯ ಪಡಿತರವೇ ಮುಖ್ಯವಾಗಿತ್ತು. ಒಬ್ಬರಿಗೆ ದೊರೆಯುತ್ತಿದ್ದ ಪ್ರಮಾಣ ಕಾಲಕಾಲಕ್ಕೆ ಬದಲಾಗುತ್ತಿತ್ತು. ಸಾಮಾನ್ಯವಾಗಿ ಅದು ವಾರಕ್ಕೆ ನೂರು ಗ್ರಾಂ ಆಸುಪಾಸಿನಲ್ಲಿರುತ್ತಿತ್ತು. ಅಂಗಡಿಯಾತನು ಕೂಪನ್ ಪಡೆದುಕೊಂಡು, ಗಾಜಿನ ಭರಣಿಯಿಂದ ಮಿಠಾಯಿ ತೆಗೆದು, ತಕ್ಕಡಿಯಲ್ಲಿ ತೂಗಿ, ಕಾಗದದ ಪೊಟ್ಟಣದಲ್ಲಿ ಕೊಡುತ್ತಿದ್ದನು. 1949ರ ಏಪ್ರಿಲ್‌ನಲ್ಲಿ ಸರ್ಕಾರವು ಮಿಠಾಯಿಯ ಮೇಲಿನ ನಿರ್ಬಂಧವನ್ನು ತೆಗೆದುಹಾಕಿತು. ಆದರೆ ಬೇಡಿಕೆಯ ರಭಸಕ್ಕೆ ಅಂಗಡಿಗಳು ಖಾಲಿಯಾಗಿ, ಅದೇ ಆಗಸ್ಟ್‌ನಲ್ಲಿ ನಿರ್ಬಂಧವನ್ನು ಮರಳಿ ಹೇರಬೇಕಾಯಿತು. ಕೊನೆಗೆ 1953ರ ಫೆಬ್ರುವರಿ 5ರಂದು ಮಿಠಾಯಿ ಶಾಶ್ವತವಾಗಿ ಮುಕ್ತವಾಯಿತು. ಆ ದಿನ ಮಕ್ಕಳು ಕೂಡಿಟ್ಟ ಚಿಲ್ಲರೆಯನ್ನು ಹಿಡಿದು ಅಂಗಡಿಗಳಿಗೆ ಧಾವಿಸಿದ ದೃಶ್ಯ ಅಂದಿನ ಪತ್ರಿಕೆಗಳಲ್ಲಿಯೂ ಅನೇಕ ಆತ್ಮಕಥೆಗಳಲ್ಲಿಯೂ ದಾಖಲಾಗಿದೆ.

ಬಾಳೆಹಣ್ಣಿನ ಪ್ರಸಂಗವೂ ಇದೇ ಬಗೆಯದು. 1940ರ ಕೊನೆಯಲ್ಲಿ ಅದರ ಆಮದು ನಿಂತುಹೋಗಿತ್ತು. 1945ರ ಡಿಸೆಂಬರ್ ಅಂತ್ಯದಲ್ಲಿ ಯುದ್ಧಾನಂತರದ ಮೊದಲ ಬಾಳೆಹಣ್ಣಿನ ಹಡಗು ಬ್ರಿಸ್ಟಲ್ ಸಮೀಪದ ಏವನ್‌ಮತ್ ಬಂದರನ್ನು ತಲುಪಿತು. ಹಣ್ಣುಗಳನ್ನು ಮೊದಲು ಮಕ್ಕಳಿಗೆ ಮೀಸಲಿಡಲಾಯಿತು. ಆದರೆ ಐದು ವರ್ಷದೊಳಗಿನ ಮಕ್ಕಳು ಬಾಳೆಹಣ್ಣನ್ನು ಕಂಡೇ ಇರಲಿಲ್ಲ. ಸಿಪ್ಪೆ ಸುಲಿಯಬೇಕೆಂಬುದೂ ಅವರಿಗೆ ತಿಳಿದಿರಲಿಲ್ಲ. ಬಾಳೆ ಬೆಳೆಯುವ ನಾಡಿನ ಓದುಗರಿಗೆ ಇದು ವಿಚಿತ್ರವಾಗಿ ತೋರಬಹುದು. ಪತ್ರಕರ್ತ ಹಂಟರ್ ಡೇವಿಸ್ ಅವರು ಕಾರ್ಲೈಲ್ ಪಟ್ಟಣದಲ್ಲಿ ಕಳೆದ ತಮ್ಮ ಬಾಲ್ಯದ ಕುರಿತು 2016ರಲ್ಲಿ ಪ್ರಕಟಿಸಿದ ಆತ್ಮಕಥೆಗೆ, ಸಹಕಾರಿ ಅಂಗಡಿಗೆ ಬಾಳೆಹಣ್ಣು ಬಂದಿದೆ ಎಂಬ ಅರ್ಥದ ಶೀರ್ಷಿಕೆಯನ್ನೇ ಇಟ್ಟಿದ್ದಾರೆ.

ಈ ಕೊರತೆಯ ನಡುವೆಯೇ ಮಕ್ಕಳ ಪೋಷಣೆಗಾಗಿ ರಾಜ್ಯವು ಹಿಂದೆಂದೂ ಇಲ್ಲದಷ್ಟು ಹೊಣೆ ಹೊತ್ತುಕೊಂಡಿತು. ಎಳೆಯ ಮಕ್ಕಳಿಗೆ ಸಾಂದ್ರೀಕರಿಸಿದ ಕಿತ್ತಳೆ ರಸ ಮತ್ತು ಕಾಡ್ ಮೀನಿನ ಎಣ್ಣೆಯನ್ನು ಸರ್ಕಾರವೇ ಒದಗಿಸುತ್ತಿತ್ತು. ಮೊದಲನೆಯದನ್ನು ಎಲ್ಲರೂ ಪ್ರೀತಿಯಿಂದಲೂ ಎರಡನೆಯದನ್ನು ಎಲ್ಲರೂ ಹೇಸಿಗೆಯಿಂದಲೂ ನೆನೆಯುತ್ತಾರೆ. 1946ರ ಆಗಸ್ಟ್‌ನಿಂದ ಎರಡನೆಯ ಮಗುವಿನಿಂದ ಆರಂಭಿಸಿ ಪ್ರತಿ ಮಗುವಿಗೆ ವಾರಕ್ಕೆ 5 ಶಿಲ್ಲಿಂಗ್ ಕುಟುಂಬ ಭತ್ಯೆ ಸಂದಾಯವಾಗತೊಡಗಿತು. ಅದೇ ವರ್ಷದಿಂದ ಶಾಲೆಯಲ್ಲಿ ಪ್ರತಿ ವಿದ್ಯಾರ್ಥಿಗೂ ದಿನಕ್ಕೆ ಮೂರನೆಯ ಒಂದು ಪಿಂಟ್, ಸುಮಾರು 190 ಮಿಲಿಲೀಟರ್, ಹಾಲು ಉಚಿತವಾಗಿ ಸಿಕ್ಕಿತು. 1948ರ ಜುಲೈ 5ರಂದು ರಾಷ್ಟ್ರೀಯ ಆರೋಗ್ಯ ಸೇವೆ ಆರಂಭವಾದ ಮೇಲೆ ವೈದ್ಯರನ್ನು ಕಾಣಲು ಹಣದ ಚಿಂತೆ ಇಲ್ಲವಾಯಿತು.

ಮನೆ

ಪಟ್ಟಣದ ಕಾರ್ಮಿಕ ಕುಟುಂಬಗಳಲ್ಲಿ ಹೆಚ್ಚಿನವು ಹತ್ತೊಂಬತ್ತನೆಯ ಶತಮಾನದ ಇಟ್ಟಿಗೆಯ ಸಾಲುಮನೆಗಳಲ್ಲಿ ವಾಸಿಸುತ್ತಿದ್ದವು. ಶೌಚಾಲಯ ಹಿತ್ತಿಲಿನಲ್ಲಿರುತ್ತಿತ್ತು. 1951ರ ಜನಗಣತಿಯ ಪ್ರಕಾರ ಮೂರನೆಯ ಒಂದು ಭಾಗಕ್ಕಿಂತ ಹೆಚ್ಚು ಕುಟುಂಬಗಳಿಗೆ ಸ್ನಾನದ ತೊಟ್ಟಿಯೇ ಇರಲಿಲ್ಲ. ಗೋಡೆಗೆ ತೂಗುಹಾಕಿದ ತಗಡಿನ ತೊಟ್ಟಿಯನ್ನು ವಾರಕ್ಕೊಮ್ಮೆ ಇಳಿಸಿ, ಅಗ್ಗಿಷ್ಟಿಕೆಯ ಮುಂದಿಟ್ಟು, ನೀರು ಕಾಯಿಸಿ ಸುರಿದು ಒಬ್ಬರಾದ ಮೇಲೊಬ್ಬರು ಅದೇ ನೀರಿನಲ್ಲಿ ಸ್ನಾನ ಮಾಡುತ್ತಿದ್ದರು. ಮನೆಗೆ ಶಾಖ ಒದಗಿಸುತ್ತಿದ್ದುದು ಕಲ್ಲಿದ್ದಲಿನ ಒಂದೇ ಒಲೆ. ಮಲಗುವ ಕೋಣೆಯ ಕಿಟಕಿಯ ಗಾಜಿನ ಒಳಮೈಯಲ್ಲಿ ಚಳಿಗಾಲದ ಬೆಳಗ್ಗೆ ಹಿಮದ ಚಿತ್ತಾರ ಮೂಡಿರುತ್ತಿತ್ತು. 1947ರ ಜನವರಿ ಕೊನೆಯಿಂದ ಮಾರ್ಚ್‌ವರೆಗೆ ಸುರಿದ ಹಿಮದಿಂದ ಕಲ್ಲಿದ್ದಲಿನ ಸಾಗಣೆ ನಿಂತು, ವಿದ್ಯುತ್ ಕಡಿತಗೊಂಡು, ಕಾರ್ಖಾನೆಗಳು ಮುಚ್ಚಿದವು. ಅದೇ ಒಲೆಗಳ ಹೊಗೆ ಮಂಜಿನೊಡನೆ ಬೆರೆತು 1952ರ ಡಿಸೆಂಬರ್ 5ರಿಂದ ಐದು ದಿನ ಲಂಡನ್ ನಗರವನ್ನು ಕವಿದು ಸಾವಿರಾರು ಜನರ ಸಾವಿಗೆ ಕಾರಣವಾಯಿತು. ಅಗ್ಗಿಷ್ಟಿಕೆಯ ಸುತ್ತ ಕುಳಿತ ಸಂಜೆಗಳನ್ನು ನೆನೆಯುವ ಬರಹಗಳಲ್ಲಿ ಈ ಸಂಬಂಧ ಅಪರೂಪವಾಗಿ ಮಾತ್ರ ಪ್ರಸ್ತಾಪವಾಗುತ್ತದೆ. ಮನೆಬಳಕೆಯ ಹೊಗೆಯನ್ನು ನಿಯಂತ್ರಿಸುವ ಶುದ್ಧ ವಾಯು ಕಾಯ್ದೆ 1956ರಲ್ಲಿ ಬಂದಿತು.

ಮನೆ ಕಳೆದುಕೊಂಡವರಿಗಾಗಿ ಸರ್ಕಾರವು ಕಾರ್ಖಾನೆಯಲ್ಲಿ ತಯಾರಿಸಿ ಜೋಡಿಸುವ 'ಪ್ರಿಫ್ಯಾಬ್' ಎಂಬ ಸುಮಾರು 1,56,000 ತಾತ್ಕಾಲಿಕ ಮನೆಗಳನ್ನು ನಿರ್ಮಿಸಿತು. ಹತ್ತು ಹದಿನೈದು ವರ್ಷ ಬಾಳಿದರೆ ಸಾಕು ಎಂಬುದು ಲೆಕ್ಕಾಚಾರವಾಗಿತ್ತು. ಆದರೆ ಒಳಗೇ ಶೌಚಾಲಯ, ಬಿಸಿನೀರು, ಸುಸಜ್ಜಿತ ಅಡುಗೆಮನೆ, ಅನೇಕ ಕಡೆ ರೆಫ್ರಿಜರೇಟರ್ ಕೂಡ ಇದ್ದ ಈ ಪುಟ್ಟ ಮನೆಗಳನ್ನು ಜನ ಬಿಡಲೊಪ್ಪಲಿಲ್ಲ. ಲಂಡನ್ನಿನ ಕ್ಯಾಟ್‌ಫರ್ಡ್‌ನಲ್ಲಿದ್ದ ಇಂತಹ ಒಂದು ಬಡಾವಣೆಯು ಇಪ್ಪತ್ತೊಂದನೆಯ ಶತಮಾನದವರೆಗೂ ಉಳಿದಿತ್ತು.

ಬೀದಿ ಮತ್ತು ಬಾಂಬು ಬಿದ್ದ ನೆಲ

ಬಹುಪಾಲು ಕುಟುಂಬಗಳಿಗೆ ಕಾರು ಇರಲಿಲ್ಲವಾದ್ದರಿಂದ ಬೀದಿಯು ಮಕ್ಕಳ ಸ್ವಾಧೀನದಲ್ಲಿತ್ತು. ಕುಂಟೆಬಿಲ್ಲೆ, ಗೋಲಿ, ಹಗ್ಗ ಜಿಗಿತ, ಫುಟ್ಬಾಲ್ ಎಲ್ಲವೂ ಅಲ್ಲಿಯೇ ನಡೆಯುತ್ತಿದ್ದವು. ಗೋಡೆಯ ಮೇಲೆ ಸೀಮೆಸುಣ್ಣದಿಂದ ಬರೆದ ಮೂರು ಗೆರೆಗಳೇ ಕ್ರಿಕೆಟ್ಟಿನ ವಿಕೆಟ್ಟು. ಶರತ್ಕಾಲದಲ್ಲಿ ಹಾರ್ಸ್ ಚೆಸ್ಟ್‌ನಟ್ ಮರದ ಕಾಯಿಗಳನ್ನು ದಾರಕ್ಕೆ ಪೋಣಿಸಿ ಎದುರಾಳಿಯ ಕಾಯನ್ನು ಒಡೆಯುವ 'ಕಾಂಕರ್ಸ್' ಆಟ ಬರುತ್ತಿತ್ತು. ನವೆಂಬರ್ 5ರ ಬೆಂಕಿ ಹಬ್ಬಕ್ಕೆ ಮುನ್ನ ಹಳೆಯ ಬಟ್ಟೆಯ ಬೊಂಬೆ ಮಾಡಿ, ಅದನ್ನು ತಳ್ಳುಗಾಡಿಯಲ್ಲಿ ಕೂರಿಸಿ, ದಾರಿಹೋಕರಿಂದ ಕಾಸು ಬೇಡುವ ರೂಢಿಯಿತ್ತು. ಈ ಆಟಗಳನ್ನೂ ಪ್ರಾಸಗಳನ್ನೂ ಸಂಗ್ರಹಿಸಿದವರು ಅಯೋನಾ ಮತ್ತು ಪೀಟರ್ ಓಪಿ ದಂಪತಿಗಳು. ಎಪ್ಪತ್ತು ಶಾಲೆಗಳ ಸುಮಾರು 5,000 ಮಕ್ಕಳಿಂದ ಸಂಗ್ರಹಿಸಿದ ವಿಷಯವನ್ನು ಆಧರಿಸಿ ಅವರು 1959ರಲ್ಲಿ ಪ್ರಕಟಿಸಿದ ಗ್ರಂಥವು ಮಕ್ಕಳ ಜಾನಪದದ ಅಧ್ಯಯನಕ್ಕೆ ತಳಹದಿಯಾಯಿತು. ಹಿರಿಯರ ನೆರವಿಲ್ಲದೆ ಮಕ್ಕಳಿಂದ ಮಕ್ಕಳಿಗೆ ಪದ್ಯಗಳೂ ನಿಯಮಗಳೂ ಹರಿದುಬರುತ್ತವೆ ಎಂಬುದನ್ನು ಅದು ತೋರಿಸಿಕೊಟ್ಟಿತು.

ಬಾಂಬು ಬಿದ್ದು ಪಾಳಾದ ಜಾಗಗಳು ಇನ್ನೊಂದು ಆಟದ ಮೈದಾನ. ಮೇಲ್ಛಾವಣಿಯಿಲ್ಲದ ಗೋಡೆಗಳು, ನೀರು ತುಂಬಿದ ನೆಲಮಾಳಿಗೆಗಳು, ಅರ್ಧಕ್ಕೆ ನಿಂತ ಮೆಟ್ಟಿಲುಗಳು ಮಕ್ಕಳಿಗೆ ಕೋಟೆಯಾಗಿಯೂ ಹಡಗಾಗಿಯೂ ಬಳಕೆಯಾದವು. ಸುಟ್ಟ ನೆಲದಲ್ಲಿ ಬೇಗನೆ ಚಿಗುರುವ, ನಸುಗೆಂಪು ಹೂವಿನ ರೋಸ್‌ಬೇ ವಿಲೋಹರ್ಬ್ ಎಂಬ ಗಿಡ ಇಂತಹ ಜಾಗಗಳನ್ನೆಲ್ಲ ಆವರಿಸಿ 'ಬಾಂಬಿನ ಕಳೆ' ಎಂಬ ಹೆಸರು ಪಡೆಯಿತು. 1947ರ 'ಹ್ಯೂ ಆ್ಯಂಡ್ ಕ್ರೈ' ಚಲನಚಿತ್ರದಲ್ಲಿ ಲಂಡನ್ನಿನ ನಿಜವಾದ ಪಾಳುಜಾಗಗಳಲ್ಲಿ ಮಕ್ಕಳು ಓಡಾಡುವುದನ್ನು ಕಾಣಬಹುದು. ಅಪಾಯವೂ ಕಡಿಮೆಯಿರಲಿಲ್ಲ. ಕುಸಿಯುವ ಗೋಡೆ, ಸಿಡಿಯದೆ ಉಳಿದ ಬಾಂಬು, ಒಡೆದ ಗಾಜು ಇವುಗಳಿಂದ ಮಕ್ಕಳಿಗೆ ಗಾಯಗಳಾದವು, ಸಾವುಗಳೂ ಸಂಭವಿಸಿದವು. ಹರ್ಟ್‌ವುಡ್‌ನ ಲೇಡಿ ಆ್ಯಲನ್ ಎಂಬ ಭೂದೃಶ್ಯ ವಿನ್ಯಾಸಕಿ 1946ರಲ್ಲಿ ಕೋಪನ್‌ಹೇಗನ್ನಿನ ಎಮ್ಡ್ರಪ್‌ನಲ್ಲಿ ಹಲಗೆ, ಇಟ್ಟಿಗೆ, ಹಳೆಯ ಸಾಮಾನುಗಳಿಂದ ಮಕ್ಕಳೇ ಕಟ್ಟಿ ಕೆಡವುವ ಆಟದ ಜಾಗವನ್ನು ಕಂಡು, ಅದೇ ಮಾದರಿಯನ್ನು ಬ್ರಿಟನ್ನಿನ ಪಾಳುಜಾಗಗಳಲ್ಲಿ ಆರಂಭಿಸಲು ಶ್ರಮಿಸಿದರು. 1948ರಲ್ಲಿ ಲಂಡನ್ನಿನ ಕ್ಯಾಂಬರ್‌ವೆಲ್‌ನಲ್ಲಿ ಅಂತಹ ಒಂದು ತಾಣ ತೆರೆಯಿತು. ಇಂದಿನ 'ಅಡ್ವೆಂಚರ್ ಪ್ಲೇಗ್ರೌಂಡ್'ಗಳ ಮೂಲ ಇದೇ.

ಶಾಲೆ

1944ರ ಶಿಕ್ಷಣ ಕಾಯ್ದೆಯು ಪ್ರೌಢಶಿಕ್ಷಣವನ್ನು ಎಲ್ಲರಿಗೂ ಉಚಿತಗೊಳಿಸಿತು. 1947ರಲ್ಲಿ ಶಾಲೆ ಬಿಡುವ ಕನಿಷ್ಠ ವಯಸ್ಸನ್ನು 15ಕ್ಕೆ ಏರಿಸಲಾಯಿತು. ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ಹನ್ನೊಂದನೆಯ ವಯಸ್ಸಿನ ಹೊತ್ತಿಗೆ ಬರೆಯಬೇಕಾದ 'ಇಲೆವೆನ್-ಪ್ಲಸ್' ಪರೀಕ್ಷೆಯಲ್ಲಿ ಉತ್ತೀರ್ಣರಾದವರು ಗ್ರಾಮರ್ ಶಾಲೆಗೂ, ಉಳಿದವರಲ್ಲಿ ಹೆಚ್ಚಿನವರು ಸೆಕೆಂಡರಿ ಮಾಡರ್ನ್ ಶಾಲೆಗೂ ಹೋಗುತ್ತಿದ್ದರು. ಗ್ರಾಮರ್ ಶಾಲೆಯಲ್ಲಿ ಎಷ್ಟು ಸ್ಥಾನಗಳಿವೆ ಎಂಬುದು ಊರಿನಿಂದ ಊರಿಗೆ ಬದಲಾಗುತ್ತಿದ್ದುದರಿಂದ, ಒಂದು ಪಟ್ಟಣದಲ್ಲಿ ತೇರ್ಗಡೆಯಾಗುವ ಮಗು ಪಕ್ಕದ ಪಟ್ಟಣದಲ್ಲಿ ಅನುತ್ತೀರ್ಣವಾಗಬಹುದಿತ್ತು. ಹುಡುಗಿಯರ ಅಂಕಗಳು ಹೆಚ್ಚಾಗಿ ಬರುತ್ತಿದ್ದ ಕೆಲವು ಕಡೆ ಅವರಿಗೆ ಹೆಚ್ಚಿನ ಅಂಕದ ಮಿತಿ ವಿಧಿಸುವ ಪದ್ಧತಿಯೂ ಇತ್ತು. ಶಿಕ್ಷಕರಾಗಿ ಕೆಲಸ ಮಾಡಿದ ಯಾರಿಗೇ ಆಗಲಿ ಹತ್ತು ಹನ್ನೊಂದರ ಮಗುವಿನ ಭವಿಷ್ಯವನ್ನು ಒಂದು ಪರೀಕ್ಷೆ ನಿರ್ಧರಿಸಬಲ್ಲುದೆಂಬ ನಂಬಿಕೆ ಅಷ್ಟು ಸುಲಭವಾಗಿ ಬಾರದು. ಈ ಪರೀಕ್ಷೆಯ ಫಲಿತಾಂಶದ ದಿನವನ್ನು, ಒಂದೇ ಬೀದಿಯ ಗೆಳೆಯರು ಬೇರೆ ಬೇರೆ ಸಮವಸ್ತ್ರ ಧರಿಸಿ ದೂರವಾದುದನ್ನು ಎಪ್ಪತ್ತು ದಾಟಿದ ಮೇಲೂ ಮರೆಯದವರಿದ್ದಾರೆ. ಬೆತ್ತದ ಶಿಕ್ಷೆ ಸಾಮಾನ್ಯವಾಗಿತ್ತು. ಸರ್ಕಾರಿ ಶಾಲೆಗಳಲ್ಲಿ ಅದು ಕೊನೆಗೊಂಡದ್ದು 1986ರ ಕಾಯ್ದೆಯಿಂದ.

ಮನರಂಜನೆ

ಶನಿವಾರ ಬೆಳಗ್ಗೆ ಕೆಲವೇ ಪೆನ್ನಿಗಳಿಗೆ ಚಿತ್ರಮಂದಿರಗಳಲ್ಲಿ ನಡೆಯುತ್ತಿದ್ದ ಮಕ್ಕಳ ಪ್ರದರ್ಶನ, 'ಬೀನೊ' ಮತ್ತು 'ಡ್ಯಾಂಡಿ' ಚಿತ್ರಪತ್ರಿಕೆಗಳು, 1950ರಲ್ಲಿ ಆರಂಭವಾದ 'ಈಗಲ್', ಬಿಬಿಸಿ ರೇಡಿಯೊದ ಮಕ್ಕಳ ಕಾರ್ಯಕ್ರಮಗಳು ಮುಖ್ಯವಾದವು. 1953ರ ಜೂನ್ 2ರಂದು ರಾಣಿ ಎರಡನೆಯ ಎಲಿಜಬೆತ್ ಅವರ ಪಟ್ಟಾಭಿಷೇಕವನ್ನು ಸುಮಾರು ಎರಡು ಕೋಟಿ ಜನ ದೂರದರ್ಶನದಲ್ಲಿ ನೋಡಿದರೆಂದು ಅಂದಾಜು. ಬೀದಿಯಲ್ಲಿ ಪೆಟ್ಟಿಗೆ ಇದ್ದ ಒಂದೋ ಎರಡೋ ಮನೆಯ ಪರದೆ ಎಳೆದ ಕೋಣೆಯಲ್ಲಿ ನೆರೆಹೊರೆಯವರೆಲ್ಲ ಸೇರಿದ್ದರು.

ನೆನಪು ಮತ್ತು ದಾಖಲೆ

ಮುಂದಿನ ದಶಕಗಳಲ್ಲಿ ಹಳೆಯ ಸಾಲುಮನೆಗಳು ನೆಲಸಮವಾಗಿ, ಜನರು ಹೊಸ ಬಡಾವಣೆಗಳಿಗೂ ಬಹುಮಹಡಿ ಕಟ್ಟಡಗಳಿಗೂ ಚದುರಿದ ಮೇಲೆ ಹಳೆಯ ಬೀದಿಯ ಬಗೆಗಿನ ಹಂಬಲ ಬೆಳೆಯಿತು. ಬಾಗಿಲಿಗೆ ಬೀಗ ಹಾಕುತ್ತಿರಲಿಲ್ಲ, ಎಲ್ಲರೂ ಎಲ್ಲರಿಗೂ ಆಗುತ್ತಿದ್ದರು ಎಂಬ ಮಾತುಗಳು ಈ ಬಗೆಯ ಬರಹಗಳಲ್ಲಿ ಮರುಕಳಿಸುತ್ತವೆ. ಇತಿಹಾಸಕಾರ್ತಿ ಕ್ಯಾರಲಿನ್ ಸ್ಟೀಡ್‌ಮನ್ ಅವರು 'ಲ್ಯಾಂಡ್‌ಸ್ಕೇಪ್ ಫಾರ್ ಎ ಗುಡ್ ವುಮನ್' (1986) ಎಂಬ ಕೃತಿಯಲ್ಲಿ ಇದಕ್ಕೆ ಒಪ್ಪದೆ, 1950ರ ದಶಕದ ದಕ್ಷಿಣ ಲಂಡನ್ನಿನ ತಮ್ಮ ಬಾಲ್ಯವನ್ನೂ, ಸಿಗದ ವಸ್ತುಗಳಿಗಾಗಿ ಹಂಬಲಿಸಿದ ತಮ್ಮ ತಾಯಿಯ ಕಹಿಯನ್ನೂ ವಿವರಿಸಿದರು. ಆದರೆ ಶಾಲೆಯ ಹಾಲು, ಊಟ, ಕಿತ್ತಳೆ ರಸಗಳು ತನಗೆ ಬದುಕುವ ಹಕ್ಕಿದೆಯೆಂದು ಮೌನವಾಗಿ ತಿಳಿಸಿದವು ಎಂಬ ಅವರ ಮಾತು ಬಹಳ ಚರ್ಚಿತವಾಗಿದೆ. ಉಚಿತ ಹಾಲನ್ನು 1968ರಲ್ಲಿ ಪ್ರೌಢಶಾಲೆಗಳಿಂದಲೂ, 1971ರಲ್ಲಿ ಏಳು ವರ್ಷ ಮೀರಿದ ಮಕ್ಕಳಿಂದಲೂ ಹಿಂತೆಗೆದುಕೊಳ್ಳಲಾಗಿತ್ತು.

ಪಶ್ಚಿಮ ಲಂಡನ್ನಿನ ಸೌತಮ್ ಸ್ಟ್ರೀಟ್ ಎಂಬ ಒಂದೇ ಬೀದಿಗೆ ಎರಡು ಬಗೆಯ ದಾಖಲೆಗಳಿವೆ. ಛಾಯಾಗ್ರಾಹಕ ರಾಜರ್ ಮೇನ್ 1956ರಿಂದ 1961ರವರೆಗೆ ಅಲ್ಲಿ ಆಡುವ ಮಕ್ಕಳ ಚಿತ್ರಗಳನ್ನು ತೆಗೆದರು. ಚೆಂಡಿಗಾಗಿ ಹಾರಿದ ಹುಡುಗ, ಮೆಟ್ಟಿಲ ಮೇಲೆ ನಗುವ ಹುಡುಗಿಯರು ಇರುವ ಈ ಚಿತ್ರಗಳು ಬೀದಿಯ ಬದುಕಿನ ಚೈತನ್ಯಕ್ಕೆ ಸಾಕ್ಷಿಯಾಗಿ ಪ್ರಸಿದ್ಧವಾಗಿವೆ. ಅದೇ ವರ್ಷಗಳಲ್ಲಿ ಅದೇ ಬೀದಿಯಲ್ಲಿ ಬೆಳೆದವರು 1950ರಲ್ಲಿ ಜನಿಸಿದ, ಮುಂದೆ ಬ್ರಿಟನ್ನಿನ ಗೃಹಮಂತ್ರಿಯಾದ ಆ್ಯಲನ್ ಜಾನ್ಸನ್. ಅವರ 'ದಿಸ್ ಬಾಯ್' (2013) ಆತ್ಮಕಥೆಯಲ್ಲಿ ಕಾಣುವುದು ವಾಸಕ್ಕೆ ಯೋಗ್ಯವಲ್ಲದ ಮನೆಯ ತೇವದ ಗೋಡೆಗಳು, ಕುಟುಂಬವನ್ನು ತೊರೆದ ತಂದೆ, ಮನೆಗೆಲಸಗಳಿಂದ ಜೀವನ ಸಾಗಿಸಿದ ರೋಗಿಷ್ಟ ತಾಯಿ. ತಾಯಿ 1964ರಲ್ಲಿ 42ನೆಯ ವಯಸ್ಸಿನಲ್ಲಿ ತೀರಿಕೊಂಡಾಗ, ಹದಿನಾರರ ಅಕ್ಕ ಅಧಿಕಾರಿಗಳೊಡನೆ ವಾದಿಸಿ ತಮ್ಮನನ್ನು ತನ್ನೊಡನೆಯೇ ಉಳಿಸಿಕೊಂಡಳು. ಛಾಯಾಚಿತ್ರದ ನಗೆಯೂ ಸುಳ್ಳಲ್ಲ, ಆತ್ಮಕಥೆಯ ತೇವವೂ ಸುಳ್ಳಲ್ಲ. ಹೊರಗೆ ಆಡುತ್ತಿದ್ದ ಮಕ್ಕಳಲ್ಲಿ ಅನೇಕರು ಒಳಗೆ ಇರಲು ಜಾಗವಿಲ್ಲದ್ದರಿಂದಲೇ ಹೊರಗಿದ್ದರು.

1948ರ ಜೂನ್‌ನಲ್ಲಿ 'ಎಂಪೈರ್ ವಿಂಡ್‌ರಷ್' ಹಡಗು ಬಂದ ನಂತರ ಕೆರಿಬಿಯನ್ ದ್ವೀಪಗಳಿಂದ ಬಂದ ಅನೇಕ ಕುಟುಂಬಗಳು ಇಂತಹ ಅಗ್ಗದ ಬಾಡಿಗೆಯ ಬೀದಿಗಳಲ್ಲಿಯೇ ನೆಲೆಸಿದವು. ಅವರ ಮಕ್ಕಳ ನೆನಪುಗಳಲ್ಲಿ ಬಾಗಿಲು ತೆರೆದಿದ್ದ ಬೀದಿಯ ಚಿತ್ರ ಹಾಗೆಯೇ ಬರುವುದಿಲ್ಲ. 1958ರಲ್ಲಿ ಸಮೀಪದ ನಾಟಿಂಗ್ ಹಿಲ್‌ನಲ್ಲಿ ಜನಾಂಗೀಯ ಗಲಭೆಗಳು ನಡೆದವು. 1959ರ ಮೇ ತಿಂಗಳಲ್ಲಿ ಆಂಟಿಗುವಾ ಮೂಲದ ಬಡಗಿ ಕೆಲ್ಸೊ ಕಾಕ್ರೇನ್ ಅವರನ್ನು ಬಿಳಿಯ ಯುವಕರ ಗುಂಪೊಂದು ಸೌತಮ್ ಸ್ಟ್ರೀಟ್‌ನ ಮೂಲೆಯಲ್ಲಿ ಇರಿದು ಕೊಂದಿತು. ಯಾರಿಗೂ ಶಿಕ್ಷೆಯಾಗಲಿಲ್ಲ. 1960ರ ದಶಕದಲ್ಲಿ ಭಾರತೀಯ ಮೂಲದವರು ಹೆಚ್ಚಾಗಿದ್ದ ಸೌತಾಲ್‌ನಲ್ಲಿ ವಲಸಿಗರ ಮಕ್ಕಳನ್ನು ಮನೆಯ ಹತ್ತಿರದ ಶಾಲೆಗೆ ಸೇರಿಸದೆ ಬಸ್ಸಿನಲ್ಲಿ ದೂರದ ಶಾಲೆಗಳಿಗೆ ಸಾಗಿಸುವ ಕ್ರಮ ಜಾರಿಯಲ್ಲಿತ್ತು. ಆದ್ದರಿಂದ ಆ ಮಕ್ಕಳಿಗೆ ಶಾಲೆ ಮುಗಿದ ಮೇಲೆ ಸಹಪಾಠಿಗಳೊಡನೆ ಬೀದಿಯಲ್ಲಿ ಆಡುವ ಅವಕಾಶವೇ ಇರುತ್ತಿರಲಿಲ್ಲ.

ಸೌತಮ್ ಸ್ಟ್ರೀಟ್‌ನ ಬಹುಭಾಗವನ್ನು 1969ರ ಹೊತ್ತಿಗೆ ಕೆಡವಲಾಯಿತು. ಆ ಪ್ರದೇಶದಲ್ಲಿ ವಾಸ್ತುಶಿಲ್ಪಿ ಅರ್ನೊ ಗೋಲ್ಡ್‌ಫಿಂಗರ್ ವಿನ್ಯಾಸಗೊಳಿಸಿದ, 31 ಅಂತಸ್ತುಗಳ ಟ್ರೆಲಿಕ್ ಟವರ್ 1972ರಲ್ಲಿ ಪೂರ್ಣಗೊಂಡಿತು.